ಬಾಯಿ ಬಿಡದ ಬಳಚು

ನಾಲ್ಕು ಇಲಾಖೆಗಳನ್ನು ಒಂದೇ ಸೂರಿನಡಿ ಕೂರಿಸಿದರೆ ಜಗಳ ನಿಲ್ಲುತ್ತದೆ ಎಂದು ಯಾವ ಪುಣ್ಯಾತ್ಮನಿಗೆ ಹೊಳೆಯಿತೋ, ಅವನು ಒಂದೇ ಮನೆಯಲ್ಲಿ ನಾಲ್ಕು ವಾರಗಿತ್ತಿಯರು ಬಾಳುವುದನ್ನು ನೋಡಿದವನಲ್ಲ.

ಕೃಷಿ, ಮೀನುಗಾರಿಕೆ, ಅರಣ್ಯ ಮತ್ತು ಪ್ರವಾಸೋದ್ಯಮ ಸಚಿವಾಲಯ. ಇದು ಅದರ ಪೂರ್ತಿ ಹೆಸರು. ನಮ್ಮ ಕಲ್ಲಕಟ್ಟದಲ್ಲಿ ಅಷ್ಟುದ್ದ ಹೇಳುವ ಪುರುಸೊತ್ತು ಯಾರಿಗೂ ಇಲ್ಲ. ಮೊದಲೆರಡು ಪದಗಳ ಮೊದಲಕ್ಷರ ಸೇರಿಸಿ ಕೃಮಿ ಇಲಾಖೆ ಎಂದರು, ಅದೇ ಹೆಸರು ನಿಂತಿತು. ನಾನು, ವನಿತಾ ಅಂಬಿಗ, ಆ ಕೃಮಿ ಇಲಾಖೆಯ ನಿಯಂತ್ರಣ ಕೊಠಡಿಯಲ್ಲಿ ಪರದೆ ನೋಡಿಕೊಂಡು ಕೂರುವವಳು.

ಮೊದಲು ಹೇಗಿತ್ತು ಎಂದರೆ, ನದಿ ಸಮುದ್ರ ಸೇರುವ ನಮ್ಮ ಅಳಿವೆಯ ಕೆಸರಿನಲ್ಲಿ ಉಪ್ಪುನೀರಲ್ಲೇ ಬೆಳೆಯುವ ಒಂದು ಕಾಂಡ್ಲಾ ಗಿಡ ಚಿಗುರಿದರೆ ಸಾಕು, ಅರಣ್ಯದವರು ಇದು ಕಾಡು ಎನ್ನುತ್ತಿದ್ದರು. ಉಪ್ಪುನೀರಿನ ಗದ್ದೆಯವರು ಇದು ನಮ್ಮ ಬದುವಿನ ಮೇಲಿದೆ ಎನ್ನುತ್ತಿದ್ದರು. ಬೇರಿನ ಸಂದಿಯಲ್ಲಿ ಏಡಿ ಹಿಡಿಯುವವರು ಮೀನುಗಾರಿಕೆ ಕಚೇರಿಗೆ ಓಡುತ್ತಿದ್ದರು. ಅಷ್ಟರಲ್ಲಿ ಪ್ರವಾಸೋದ್ಯಮದವರು ಬಂದು ಗಿಡದ ಪಕ್ಕದಲ್ಲಿ ಒಂದು ಬೆಂಚು ಹಾಕಿ, ಬೋರ್ಡು ನೆಟ್ಟು ಹೋಗಿರುತ್ತಿದ್ದರು. ಒಂದು ಗಿಡಕ್ಕೆ ನಾಲ್ಕು ದಾವೆ. ಅದಕ್ಕೇ ನಾಲ್ಕನ್ನೂ ಒಂದು ಮಾಡಿ, ನ್ಯಾಯ ಹೇಳುವುದಕ್ಕೆ ಮನುಷ್ಯರು ಬೇಡವೆಂದು ಒಂದು ಯಂತ್ರ ತಂದರು. ಅದಕ್ಕೆ ಸಮಪಾಲು ಎಂದು ಹೆಸರಿಟ್ಟರು.

ಸಮಪಾಲಿನ ಲೆಕ್ಕ ಬಹಳ ಸರಳ. ಇಡೀ ಅಳಿವೆಯನ್ನು ಚೌಕ ಚೌಕವಾಗಿ ಕತ್ತರಿಸಿದೆ. ಬೆಳೆ ಬಂದರೆ ಚೌಕ ಹಸಿರು, ಮೀನು ಬಂದರೆ ನೀಲಿ, ಮರಗಳಿದ್ದರೆ ಕಂದು, ಪ್ರವಾಸಿಗಳು ಬಂದರೆ ಹಳದಿ. ಯಾವುದೂ ಬರದಿದ್ದರೆ ಬೂದಿ ಬಣ್ಣ. ಹುಣ್ಣಿಮೆಗೊಮ್ಮೆ ಎಲ್ಲವನ್ನೂ ತೂಗಿ ನೋಡುತ್ತದೆ. ಒಂದು ಚೌಕ ಎರಡು ಹುಣ್ಣಿಮೆ ಬೂದಿಯಾಗಿ ಬಿದ್ದರೆ, ಹೆಚ್ಚು ಆದಾಯ ತರುವ ಬಣ್ಣಕ್ಕೆ ಅದನ್ನು ಕೊಟ್ಟುಬಿಡುತ್ತದೆ. ಹೆಚ್ಚು ಆದಾಯ ಯಾವತ್ತೂ ಹಳದಿಯದೇ. ಇದಕ್ಕೆ ಮೇಲ್ಮನವಿ ಇಲ್ಲ, ಯಂತ್ರಕ್ಕೆ ಪಕ್ಷಪಾತ ಇಲ್ಲವಲ್ಲ!

ಮರಳಿನಲ್ಲಿ ನೆಟ್ಟ ಕಂಬಗಳೂ ಇದ್ದವು. ಅವು ನೀರಿನ ಉಪ್ಪು ಅಳೆಯುತ್ತವೆ, ಮರಳಿನೊಳಗೆ ಎಷ್ಟು ಜೀವವಿದೆ ಎಂದು ಕೇಳಿಸಿಕೊಳ್ಳುತ್ತವೆ. ಬಳಚು ಗೊತ್ತಲ್ಲ, ಎರಡು ಚಿಪ್ಪಿನ ನಡುವೆ ಚೂರು ಮಾಂಸ? ಅದು ಚಿಪ್ಪು ಮುಚ್ಚಿದಾಗ ಟಿಕ್ ಎನ್ನುತ್ತದೆ. ನನ್ನ ಪರದೆಯಲ್ಲಿ ನಲವತ್ತೊಂದನೇ ಚೌಕ ಒತ್ತಿ ಹೆಡ್‌ಫೋನ್ ಹಾಕಿಕೊಂಡರೆ, ಬಾಣಲೆಯಲ್ಲಿ ಭತ್ತದ ಅರಳು ಸಿಡಿದ ಹಾಗೆ ಸದ್ದು. ಕೆಲಸ ಬೇಸರವಾದಾಗ ನಾನು ಅದನ್ನೇ ಕೇಳುತ್ತಿದ್ದೆ.

ಆ ನಲವತ್ತೊಂದು ಯಂತ್ರಕ್ಕೆ ನಲವತ್ತೊಂದು. ನಮಗೆ ಅದು ಅಜ್ಜಿದಿಬ್ಬ. ಇಳಿತದಲ್ಲಿ ನೀರು ಸರಿದಾಗ ಅಳಿವೆಯ ನಡುವೆ ಏಳುವ ಮರಳದಿಬ್ಬ. ನನ್ನ ಅತ್ತೆ ಬೀರಮ್ಮ, ಅವರ ಜೊತೆಯ ಹೆಂಗಸರು, ಅವರ ಅವ್ವಂದಿರು, ಎಲ್ಲರೂ ಬದುಕಿದ್ದು ಅದರ ಮೇಲೆ. ಕೂತು, ಬೆರಳಿನಿಂದ ಮರಳು ಕೆದಕಿ, ಬಳಚು ಹೆಕ್ಕಿ ಬುಟ್ಟಿಗೆ ಹಾಕುವುದು. ಸಣ್ಣದು ಕೈಗೆ ಬಂದರೆ ಅಲ್ಲೇ ಪಾದದಿಂದ ಒತ್ತಿ ಒಳಗೆ ಹುಗಿಯುವುದು. ಮನೆಗೆ ತಂದದ್ದನ್ನು ಉಪ್ಪುನೀರಿನ ಬೋಗುಣಿಯಲ್ಲಿ ಇಟ್ಟರೆ ಅವು ಬಾಯಿ ಬಿಟ್ಟು ಮರಳು ಉಗುಳುತ್ತವೆ.

ನಾನು ಮದುವೆಯಾಗಿ ಬಂದ ಹೊಸದರಲ್ಲಿ ಅತ್ತೆ ಕಲಿಸಿದ ಮೊದಲ ಪಾಠ ಅದೇ. "ಬಾಯಿ ಬಿಡದೇ ಇದ್ದದ್ದು ಸತ್ತದ್ದು ಹೆಣ್ಣೆ. ಸಾರಿಗೆ ಹಾಕ್ಬೇಡ. ಒಂದು ಸತ್ತದ್ದು ಹಾಕಿದ್ರೆ ಪಾತ್ರೆಯೇ ಹೋತು."

ದೀಪಾವಳಿ ಪಾಡ್ಯದ ದಿನ ಈ ಹೆಂಗಸರು ದಿಬ್ಬದ ನೆತ್ತಿಯಲ್ಲಿ ಒಂದು ಕೋಲು ನೆಟ್ಟು, ಅದಕ್ಕೆ ಹಸಿರು ಬಳೆ ತೊಡಿಸಿ ಬರುತ್ತಾರೆ. ದಿಬ್ಬ ಬಸುರಿ ಎಂದು ಅರ್ಥ. ಅಲ್ಲಿಂದ ಸಂಕ್ರಾಂತಿಯವರೆಗೆ ಅದರ ಮೇಲೆ ಯಾರೂ ಕಾಲಿಡುವ ಹಾಗಿಲ್ಲ. ಆ ತಿಂಗಳುಗಳಲ್ಲೇ ಬಳಚು ಮರಿ ಬಿಡುವುದು. ಮನೆ ಖರ್ಚಿಗೆಂದು ಹಬ್ಬಕ್ಕೆ ಮೊದಲೇ ಒಂದಿಷ್ಟು ಹೆಕ್ಕಿ, ಬಲೆಚೀಲದಲ್ಲಿ ತುಂಬಿ, ಕಾಂಡ್ಲಾ ಬೇರಿಗೆ ಕಟ್ಟಿ ನೀರಿನಲ್ಲೇ ಬಿಟ್ಟಿರುತ್ತಾರೆ. ಅಲ್ಲಿ ಅವು ಜೀವದಿಂದಿರುತ್ತವೆ.

ಯಂತ್ರ ಬಂದ ವರ್ಷವೂ ಹಾಗೇ ಬಳೆ ತೊಡಿಸಿದರು. ಕಾರ್ತಿಕದ ಹುಣ್ಣಿಮೆಗೆ ನನ್ನ ಪರದೆಯಲ್ಲಿ ನಲವತ್ತೊಂದು ಬೂದಿಯಾಯಿತು.

ಎದ್ದು ಸೀದಾ ಪಟ್ಟಣಶೆಟ್ಟಿ ಸಾಹೇಬರ ಮೇಜಿಗೆ ಹೋದೆ. ಅವರು ಸಹಾಯಕ ನಿರ್ದೇಶಕರು, ಧಾರವಾಡದ ಕಡೆಯವರು, ಕೆಟ್ಟ ಮನುಷ್ಯರಲ್ಲ. ಮೀನಿನ ವಾಸನೆಗೆ ಮೂಗು ಮುಚ್ಚಿಕೊಂಡೇ ಮೀನುಗಾರಿಕೆ ನೋಡಿಕೊಳ್ಳುತ್ತಿದ್ದರು, ಅಷ್ಟೆ.

"ಸರ್, ನಲವತ್ತೊಂದು ಖಾಲಿ ಬಿದ್ದಿಲ್ಲ. ಬಿಟ್ಟಿದ್ದಾರೆ. ಬೇಕೂಂತಲೇ ಬಿಟ್ಟಿದ್ದಾರೆ."

"ಬಿಟ್ಟಾರ ಅಂದ್ರ?"

ಹೇಳಿದೆ. ಕೋಲು, ಬಳೆ, ಬಸುರಿ, ಎಲ್ಲ. ಅವರು ನಗಲಿಲ್ಲ, ಅದೊಂದು ದೊಡ್ಡತನ. ಪರದೆಯನ್ನು ತಮ್ಮ ಕಡೆ ತಿರುಗಿಸಿಕೊಂಡು ಬಹಳ ಹೊತ್ತು ಹುಡುಕಿದರು.

"ಹೊಲಕ್ಕ ಬೀಳು ಬಿಡೂ ಅವಕಾಶ ಐತ್ರಿ. ಟ್ರಾಲರ್ ಬೋಟಿಗೆ ಮಳಿಗಾಲದ ರಜಾ ಐತಿ. ಕಾಡಿಗೂ ಐತಿ. ಈ ಬಳಚಿಗೆ ಏನೂ ಇಲ್ಲ ನೋಡ್ರಿ. ಯಾರೂ ಬರಸಿಲ್ಲ."

"ಕಂಬ ಹೇಳ್ತದಲ್ಲ ಸರ್, ಒಳಗೆ ಜೀವ ಇದೆ ಅಂತ?"

"ಒಳಗ ಇದ್ದದ್ದು ಲೆಕ್ಕಕ್ಕ ಬರೂದಿಲ್ರೀ ವನಿತಾ ಅವರ. ಹೊರಗ ಏನು ಬಂತು, ಅಷ್ಟ ಕೇಳ್ತದ ಇದು. ನಾ ಮ್ಯಾಲೆ ಬರದು ಹಾಕ್ತೀನಿ."

ಬರೆದು ಹಾಕಿದರು, ಸುಳ್ಳಲ್ಲ. ಸಲಹೆಯನ್ನು ಮುಂದಿನ ಆವೃತ್ತಿಯಲ್ಲಿ ಪರಿಗಣಿಸಲಾಗುವುದು ಎಂದು ಉತ್ತರವೂ ಬಂತು. ಮುಂದಿನ ಆವೃತ್ತಿ ಯಾವಾಗ ಎಂದು ಕೇಳಿದ್ದಕ್ಕೆ ಉತ್ತರ ಬರಲಿಲ್ಲ.

ಮನೆಗೆ ಬಂದು ಹೇಳಿದರೆ ಗಂಡ ಮಾಬ್ಲ ಊಟದ ತಾಟಿನಿಂದ ತಲೆ ಎತ್ತಲಿಲ್ಲ. ಅವನು ಪ್ರವಾಸಿಗಳನ್ನು ದೋಣಿಯಲ್ಲಿ ಸುತ್ತಾಡಿಸುವವನು, ಹಳದಿ ಬಣ್ಣದ ಕೂಳು ತಿನ್ನುವವನು. "ನಾ ಮೊದ್ಲೇ ಹೇಳಿದ್ದೆ. ದಿಬ್ಬದ ಮೇಲೆ ಗಾಜಿನ ಸೇತುವೆ ಕಟ್ತರಂತೆ. ನಮ್ಮ ದೋಣಿ ಯೂನಿಯನ್ನಿನಲ್ಲಿ ಆಗ್ಲೇ ನಕ್ಷೆ ತೋರಿಸ್ತಿದ್ರು."

"ಕಟ್ಲಿ, ನಿನ್ನ ತಲೆ ಮೇಲೆ ಕಟ್ಲಿ!" ಎಂದರು ಅತ್ತೆ. ಮತ್ತೆ ನನ್ನ ಕಡೆ ತಿರುಗಿದರು. "ಆ ಯಂತ್ರಕ್ಕೆ ಎಂತ ಬೇಕಂತೆ?"

"ಇಳಿತಕ್ಕೊಮ್ಮೆ ತೂಕ ಬೇಕು ಅತ್ತೆ. ದಿಬ್ಬದ ಅಂಚಲ್ಲಿ ಇಲಾಖೆಯ ತೂಕದ ತೆಪ್ಪ ಇದೆಯಲ್ಲ, ಅದ್ರ ಮೇಲೆ ಬುಟ್ಟಿ ಇಡ್ಬೇಕು. ನಿಮ್ಮ ಮುಖ ಕಾಣ್ಬೇಕು, ತೂಕ ಬೀಳ್ಬೇಕು. ಅಷ್ಟಾದ್ರೆ ನೀಲಿ."

"ಬುಟ್ಟಿಲಿ ಇದ್ದದ್ದು ಎಲ್ಲಿಂದ ಬಂತು ಅಂತ ಕೇಳೂದಿಲ್ಲ?"

"ತೆಪ್ಪಕ್ಕೆ ಅಷ್ಟು ಬುದ್ಧಿ ಇಲ್ಲ."

ಅತ್ತೆ ಕೈ ತೊಳೆದುಕೊಂಡು ಬಂದು ಬಾಗಿಲಲ್ಲಿ ನಿಂತರು. ಅವರ ಮುಖದಲ್ಲಿ ಒಂದು ನಗು ಏಳುತ್ತಿತ್ತು. "ಹಂಗಾರೆ ಬೇರಿಗೆ ಕಟ್ಟಿದ್ದನ್ನೇ ತೂಗ್ವ. ತೂಗಿ ಮತ್ತೆ ಕಟ್ವ. ಹಾವೂ ಸಾಯೂದಿಲ್ಲ, ಕೋಲೂ ಮುರಿಯೂದಿಲ್ಲ. ದಿಬ್ಬ ಮಲಗ್ಲಿ ಪಾಪ."

ಮರುದಿನದ ಇಳಿತಕ್ಕೆ ಹೆಂಗಸರೆಲ್ಲ ದೋಣಿ ಹತ್ತಿದರು. ಕಾಂಡ್ಲಾ ಬೇರಿನಿಂದ ಬಲೆಚೀಲ ಬಿಚ್ಚಿ, ಬಳಚನ್ನು ಬುಟ್ಟಿಗೆ ಸುರಿದು, ದಿಬ್ಬ ತುಳಿಯದೆ ಹೊರಗಿನ ನೀರಿನಿಂದಲೇ ತೆಪ್ಪಕ್ಕೆ ಬಂದರು. ಒಬ್ಬೊಬ್ಬರೇ ಬುಟ್ಟಿ ಇಟ್ಟು ಕ್ಯಾಮೆರಾಕ್ಕೆ ಮುಖ ತೋರಿಸಿದರು. ನಾನು ಕೊಠಡಿಯಲ್ಲಿ ಕೂತು ನೋಡುತ್ತಿದ್ದೆ. ನಲವತ್ತೊಂದು ನಿಧಾನವಾಗಿ ನೀಲಿಗೆ ತಿರುಗಿತು. ಮೇಜಿನ ಕೆಳಗೆ ನನ್ನ ಕಾಲು ತಾನಾಗಿ ಕುಣಿಯುತ್ತಿತ್ತು.

ಆ ತಿಂಗಳು ನಮ್ಮ ಕೇರಿಯಲ್ಲಿ ನಡೆದಷ್ಟು ನಗೆ ಯಾವ ಹಬ್ಬದಲ್ಲೂ ನಡೆದಿಲ್ಲ. ಅದೇ ಬಳಚು, ಅದೇ ಬುಟ್ಟಿ, ಪ್ರತಿ ಇಳಿತಕ್ಕೂ ಅದೇ ತೂಕ. ಒಂದು ಬಳಚಿನ ಚಿಪ್ಪಿನ ಅಂಚು ಮುಕ್ಕಾಗಿತ್ತು. ಅದಕ್ಕೆ ಮುಕ್ಕ ಎಂದೇ ಹೆಸರಿಟ್ಟರು. "ಮುಕ್ಕ ಇವತ್ತು ಡ್ಯೂಟಿಗೆ ಬಂದ್ನ?" ಎಂದು ಒಬ್ಬಳು ಕೇಳಿದರೆ, "ಬಂದ, ಬಂದ, ಸರ್ಕಾರಿ ನೌಕ್ರಿ, ತಪ್ಪಿಸ್ತ್ನ?" ಎಂದು ಇನ್ನೊಬ್ಬಳು. ಮನೆ ಖರ್ಚಿಗೆ ಇಟ್ಟದ್ದೆಲ್ಲ ತೂಕಕ್ಕೆ ಹೋದದ್ದರಿಂದ ಸಾರಿಗೆ ಬಳಚೇ ಇಲ್ಲ. ಮಾಬ್ಲ ಬರೀ ಬೇಳೆ ಸಾರು ಉಂಡು ಗೊಣಗಿದ. "ಅವ್ವಿ, ನಿನ್ನ ಬಳಚು ದೊಡ್ಡ ಮನಷ್ರಾದ್ವು, ನಾವು ಬಡವ್ರಾದ್ವು."

ನಾನು ಒಮ್ಮೆ ಅತ್ತೆಗೆ ಹೇಳಿದ್ದುಂಟು. "ಸ್ವಲ್ಪ ಸ್ವಲ್ಪ ಕಡ್ಮೆ ತೋರ್ಸಿ ಅತ್ತೆ. ನೀಲಿ ಉಳಿಯೋದಕ್ಕೆ ಅರ್ಧ ಬುಟ್ಟಿ ಸಾಕು."

ಅವರಿಗೆ ಸಿಟ್ಟೇ ಬಂತು. "ಅಜ್ಜಿದಿಬ್ಬದ ಬಳಚು ಕಡ್ಮೆ ಅಂತ ನನ್ನ ಕೈಲೇ ಹೇಳಿಸ್ತ್ಯ? ಆಚೆ ಕೇರಿಯವ್ರು ನಗೂದಿಲ್ವ? ತುಂಬಿದ ಬುಟ್ಟಿನೇ ಇಡೂದು." ನನ್ನ ಅತ್ತೆಯ ಸ್ವಭಾವವೇ ಅದು. ನೆಂಟರ ಮನೆಗೆ ಹೋಗುವಾಗಲೂ ಬುಟ್ಟಿ ಅರ್ಧ ಇರಬಾರದು ಎನ್ನುವವರು. ಅಳಿವೆಯ ಹೆಂಗಸರೆಲ್ಲ ಹಾಗೆಯೇ. ಯಂತ್ರದೆದುರು ಕೂಡ ಮರ್ಯಾದೆ ಬಿಡಲಿಲ್ಲ.

ಮಾರ್ಗಶಿರದ ಹುಣ್ಣಿಮೆ ಕಳೆದ ಮೇಲೆ ಪಟ್ಟಣಶೆಟ್ಟಿ ಸಾಹೇಬರು ಪೇಡೆಯ ಡಬ್ಬಿ ಹಿಡಿದು ನನ್ನ ಮೇಜಿಗೇ ಬಂದರು.

"ತಗೋರಿ, ತಗೋರಿ. ನಿಮ್ಮ ಅತ್ತಿಯವರ ಚೌಕ ಇಡೀ ಕರಾವಳಿಗೇ ಮೊದಲು ಬಂದೈತಿ!"

ಪರದೆ ನೋಡಿದೆ. ನಲವತ್ತೊಂದು ನೀಲಿಯಲ್ಲ, ಚಿನ್ನದ ಬಣ್ಣದಲ್ಲಿ ಮಿನುಗುತ್ತಿತ್ತು. ಅಂಥ ಬಣ್ಣವೊಂದಿದೆ ಎಂದು ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ಕೆಳಗೆ 'ಎಂದೂ ಬತ್ತದ ಚೌಕ' ಎಂದು ಬರೆದಿತ್ತು.

ಅರ್ಥವಾಗುವುದಕ್ಕೆ ಹೆಚ್ಚು ಹೊತ್ತು ಬೇಕಾಗಲಿಲ್ಲ. ದಿನವೂ ಇಷ್ಟು ಬಳಚು ಹೊರಗೆ ಬಂತು ಎಂದು ತೆಪ್ಪ ಹೇಳಿದೆ. ಮರಳಿನೊಳಗೆ ಬಳಚು ಕಡಿಮೆಯಾಗಿಲ್ಲ, ಹೆಚ್ಚಾಗಿದೆ ಎಂದು ಕಂಬಗಳು ಹೇಳಿವೆ. ಹೆಚ್ಚಾಗದೆ ಏನು, ದಿಬ್ಬ ಬಸುರಿ, ಮರಿಗಳು ಹುಟ್ಟುತ್ತಿವೆ. ಹೊರಗೆ ಏನಾದರೂ ಬಂದರೆ ಮಾತ್ರ ಒಳಗಿನದನ್ನು ಲೆಕ್ಕಕ್ಕೆ ಹಿಡಿಯುವ ಯಂತ್ರ ಎರಡನ್ನೂ ಕೂಡಿಸಿ ಒಂದು ತೀರ್ಮಾನಕ್ಕೆ ಬಂದಿದೆ: ಎಷ್ಟು ತೆಗೆದರೂ ಈ ಚೌಕ ಬತ್ತುವುದಿಲ್ಲ. ಹಾಗಿದ್ದ ಮೇಲೆ ಹೆಂಗಸರ ಬೆರಳಿಗೆ ಬಿಟ್ಟು ಕೂರುವುದೇಕೆ? ಮರಳುಸಮೇತ ಹೀರಿ, ಜರಡಿ ಹಿಡಿದು, ಬಳಚು ಬೇರೆ ಮಾಡುವ ಹಡಗನ್ನು ಮಂಜೂರು ಮಾಡಿತ್ತು. ಹಡಗು ಬರುವುದು ಸಂಕ್ರಾಂತಿಗೆ ಮೊದಲು.

ನನ್ನ ಬಾಯಲ್ಲಿದ್ದ ಪೇಡೆ ಮರಳಾಯಿತು. ಸಾಹೇಬರಿಗೆ ಎಲ್ಲ ಹೇಳಿಬಿಟ್ಟೆ. ಮುಕ್ಕನ ಸಮೇತ.

ಅವರು ಡಬ್ಬಿಯ ಮುಚ್ಚಳ ಹಾಕಿದರು. ಮೆಲ್ಲಗೆ ಅಂದರು. "ಹೇಳಿದ್ರ ಇದು ಮೋಸ ಆಗ್ತದ್ರೀ. ಅಷ್ಟೂ ಹೆಣ್ಣಮಕ್ಕಳ ಬಳಚು ಹೆಕ್ಕೂ ಪಾಸು ರದ್ದು, ದಿಬ್ಬ ಪ್ರವಾಸೋದ್ಯಮಕ್ಕ. ಹೇಳದಿದ್ರ ಹಡಗ ಬಂದು ಹೀರ್ತದ. ಏನ್ ಮಾಡೂದು ನೀವ ಹೇಳ್ರಿ."

ಅತ್ತ ದರಿ, ಇತ್ತ ಪುಲಿ. ಮನೆಗೆ ಬಂದು ಎರಡನ್ನೂ ಅತ್ತೆಯ ಮುಂದಿಟ್ಟೆ. ಅವರು ಒಲೆಯ ಮುಂದೆ ಕೂತಿದ್ದರು. ಕೇಳಿದರು, ಎದ್ದರು, ಸೀರೆ ಬದಲಿಸಿದರು.

"ನಡಿ. ನಾ ಹೇಳ್ತೆ. ಪಾಸು ಹೋದ್ರೆ ಹೋಗ್ಲಿ, ಗಾಜಿನ ಸೇತುವೆ ಕಟ್ಲಿ. ಸೇತುವೆ ಕೆಳಗಾದ್ರೂ ಬಳಚು ಬದ್ಕಿರ್ತದೆ. ಬದ್ಕಿದ್ರೆ ಸಾಕು."

ಇಲಾಖೆಯ ಕಟ್ಟಡದಲ್ಲಿ ಅಹವಾಲಿನ ಕಿಟಕಿ ಎಂದು ಒಂದಿದೆ. ಕಿಟಕಿಯ ಆಚೆ ಯಾರೂ ಇರುವುದಿಲ್ಲ. ಒಂದು ಮೈಕು, ಒಂದು ಕ್ಯಾಮೆರಾ, ಒಂದು ಸಿಹಿ ಧ್ವನಿ. ಅತ್ತೆ ಬಲೆಚೀಲವನ್ನೇ ಹೊತ್ತು ತಂದಿದ್ದರು. ನೆಲಕ್ಕೆಲ್ಲ ನೀರು ಸೋರುತ್ತಿತ್ತು.

"ನಾ ಬೀರಮ್ಮ. ನಾವೆಲ್ಲ ಸುಳ್ಳು ತೂಗಿದ್ದು. ಒಂದೇ ಬಳಚನ್ನೇ ದಿನಾ ತೂಗಿದ್ದು. ದಿಬ್ಬ ಬಸುರಿ ಇದ್ದದೆ, ಹಡಗು ತರ್ಬೇಡಿ."

"ನಿಮ್ಮ ಮಾತು ಕೇಳಿಸಿಕೊಂಡಿದ್ದೇವೆ," ಎಂದಿತು ಧ್ವನಿ. "ತೆಪ್ಪದ ದಾಖಲೆ ಮತ್ತು ಕಂಬಗಳ ದಾಖಲೆ ತಾಳೆಯಾಗಿವೆ. ನಿಮ್ಮ ಹೇಳಿಕೆಗೆ ಆಧಾರ ಕಂಡುಬಂದಿಲ್ಲ."

"ಆಧಾರ ಇದೇ ಅಲ್ವನಾ!" ಅತ್ತೆ ಚೀಲದಿಂದ ಮುಕ್ಕನನ್ನು ತೆಗೆದು ಕ್ಯಾಮೆರಾಕ್ಕೆ ಹಿಡಿದರು. "ನೋಡು, ಇದ್ರ ಮೂತಿ ನೋಡು. ಇದನ್ನ ನೀ ಎಷ್ಟು ಸಲ ನೋಡಿದ್ದೆ!"

"ಧನ್ಯವಾದ. ತೂಕಕ್ಕಾಗಿ ದಯವಿಟ್ಟು ತೆಪ್ಪಕ್ಕೆ ಬನ್ನಿ."

ನನ್ನ ಅತ್ತೆ ಯಾರ ಮುಂದೆಯೂ ಕೈಮುಗಿದವರಲ್ಲ. ಅವತ್ತು ಆ ಮೈಕಿಗೆ ಕೈಮುಗಿದರು. ನಾನು ಅವರನ್ನು ಹಿಡಿದು ಹೊರಗೆ ಕರೆದುಕೊಂಡು ಬಂದೆ. ಸುಳ್ಳು ಹೇಳಿದಾಗ ಒಂದೇ ಸಲಕ್ಕೆ ನಂಬಿದ ಯಂತ್ರ ಅದು. ಪಟ್ಟಣಶೆಟ್ಟಿ ಸಾಹೇಬರೂ ತಮ್ಮ ಹೆಸರು ಹಾಕಿ ಮೇಲೆ ಬರೆದರು. ಯಂತ್ರದ ತೀರ್ಮಾನಕ್ಕೆ ಅಡ್ಡಿಪಡಿಸಿದ್ದಕ್ಕೆ ಅವರಿಗೇ ವಿವರಣೆ ಕೇಳಿ ಪತ್ರ ಬಂತು.

ಹಡಗು ಬಂದ ದಿನ ಬೆಳಗಿನ ಇಳಿತಕ್ಕೆ ಹೆಂಗಸರು ದಿಬ್ಬ ಹತ್ತಿ ನಿಂತರು. ಬಳೆಯ ಕೋಲು ನಿಂತಿರುವಾಗ ಅವರು ಅಲ್ಲಿ ಕಾಲಿಟ್ಟದ್ದು ಅದೇ ಮೊದಲು. ಹತ್ತುವ ಮೊದಲು ಒಬ್ಬೊಬ್ಬರೂ ಬಗ್ಗಿ ಮರಳು ಮುಟ್ಟಿ ಕಣ್ಣಿಗೊತ್ತಿಕೊಂಡರಂತೆ, ತಪ್ಪಾಯ್ತವ್ವ ಎಂದರಂತೆ. ನಾನು ಅಲ್ಲಿರಲಿಲ್ಲ. ಕೊಠಡಿಯಲ್ಲಿ ಕೂತು ಪರದೆಯಲ್ಲಿ ನೋಡಿದೆ. ಕೋಲಿನ ಸುತ್ತ ಸಣ್ಣ ಸಣ್ಣ ಚುಕ್ಕಿಗಳು, ಅದರಲ್ಲಿ ಒಂದು ನನ್ನ ಅತ್ತೆ.

ಹಡಗು ಏನೂ ಮಾಡಲಿಲ್ಲ. ಯಾರೂ ಗದರಿಸಲಿಲ್ಲ, ಪೊಲೀಸರು ಬರಲಿಲ್ಲ. ದೂರದಲ್ಲಿ ಲಂಗರು ಹಾಕಿ ಸುಮ್ಮನೆ ನಿಂತಿತು. ಅದಕ್ಕೆ ಬೇಕಾದದ್ದು ಉಬ್ಬರ. ನೀರು ಏರಿದಾಗಲೇ ಅದರ ಕೊಳವೆ ಮರಳಿಗೆ ಇಳಿಯುವುದು. ಮಧ್ಯಾಹ್ನ ಉಬ್ಬರ ಶುರುವಾಯಿತು. ನೀರು ಮೊಣಕಾಲಿಗೆ ಬಂತು, ಸೊಂಟಕ್ಕೆ ಬಂತು. ಹೆಂಗಸರು ಒಬ್ಬೊಬ್ಬರಾಗಿ ದೋಣಿ ಹತ್ತಿದರು. ಸಮುದ್ರದ ಜೊತೆ ಹಟ ಮಾಡುವುದಾದರೂ ಹೇಗೆ?

ಅತ್ತೆ ಹತ್ತಲಿಲ್ಲ. ಎದೆಮಟ್ಟ ನೀರಿನಲ್ಲಿ ಕೋಲು ತಬ್ಬಿಕೊಂಡು ನಿಂತಿದ್ದರು. ಕೊನೆಗೆ ಮಾಬ್ಲನೇ ಪ್ರವಾಸಿಗಳನ್ನು ತುಂಬಿಕೊಂಡಿದ್ದ ದೋಣಿಯನ್ನು ಅತ್ತ ತಿರುಗಿಸಿದ. "ಅವ್ವಿ, ಬಾ. ನಿನ್ನ ಕಾಲಿಗೆ ಬೀಳ್ತೆ, ಬಾ," ಎಂದು ಅಳುತ್ತ ರಟ್ಟೆ ಹಿಡಿದು ಎಳೆದು ಹಾಕಿಕೊಂಡ. ದೋಣಿಯಲ್ಲಿದ್ದವರು ಫೋನು ಎತ್ತಿ ಚಿತ್ರ ತೆಗೆಯುತ್ತಿದ್ದರು. ಒಬ್ಬಾಕೆ ಅತ್ತೆಗೆ ಟವೆಲ್ ಕೊಟ್ಟು, ಇದು ನಿಮ್ಮ ಹಬ್ಬವೇ ಎಂದು ಕೇಳಿದಳಂತೆ.

ನಾನು ಹೆಡ್‌ಫೋನ್ ಹಾಕಿಕೊಂಡಿದ್ದೆ. ಯಾಕೆ ಹಾಕಿಕೊಂಡೆನೋ ಗೊತ್ತಿಲ್ಲ. ಅರಳು ಸಿಡಿಯುವ ಸದ್ದು ಒಮ್ಮೆಲೇ ಜೋರಾಯಿತು. ಎಲ್ಲ ಬಳಚೂ ಒಟ್ಟಿಗೆ ಚಿಪ್ಪು ಮುಚ್ಚಿಕೊಂಡವು. ಆಮೇಲೆ ಕೊಳವೆಯ ಮೊರೆತ. ಆಮೇಲೆ ಏನೂ ಇಲ್ಲ. ನಾನು ಬಟನ್ ಒತ್ತಿ ಒತ್ತಿ ನೋಡಿದೆ, ಯಂತ್ರವೇ ಕೆಟ್ಟಿದೆಯೇನೋ ಎಂದು. ಕೆಟ್ಟಿರಲಿಲ್ಲ.

ಹಡಗು ಹೋದ ಮೇಲೆ ಹೆಂಗಸರು ಬಲೆಚೀಲದಲ್ಲಿ ಉಳಿದಿದ್ದ ಬಳಚನ್ನೆಲ್ಲ ತಂದು ದಿಬ್ಬದಲ್ಲಿ ಬಿತ್ತಿದರು. ದಿಬ್ಬ ಎನ್ನುವುದೇ ಉಳಿದಿರಲಿಲ್ಲ, ಮರಳು ಹೋಗಿ ಕರಿ ಕೆಸರು ಮೇಲೆ ಬಂದಿತ್ತು. ಪಾದದಿಂದ ಒತ್ತಿ ಒತ್ತಿ ಹುಗಿದರು. ಕೆಲವೇ ದಿನಗಳಲ್ಲಿ ಅವೆಲ್ಲ ಸತ್ತು ಮೇಲೆ ತೇಲಿದವು. ಮುಕ್ಕನ ಚಿಪ್ಪು ಸಿಕ್ಕಿತು, ಒಳಗೆ ಕೆಸರು ತುಂಬಿತ್ತು.

ನಲವತ್ತೊಂದು ಬೂದಿಯಾಯಿತು. ಎರಡು ಹುಣ್ಣಿಮೆ ಕಳೆಯಿತು, ಹಳದಿಯಾಯಿತು.

ಹಳದಿಯವರು ಗಾಜಿನ ಸೇತುವೆ ಕಟ್ಟಲಿಲ್ಲ, ಅದಕ್ಕಿಂತ ಒಳ್ಳೆಯ ಯೋಜನೆ ಅವರಿಗೆ ಹೊಳೆದಿತ್ತು. ಎದೆಮಟ್ಟ ನೀರಿನಲ್ಲಿ ಕೋಲು ತಬ್ಬಿ ನಿಂತ ಮುದುಕಿಯ ಚಿತ್ರವನ್ನು ಎಲ್ಲೆಲ್ಲಿಯೋ ಜನ ನೋಡಿದ್ದರು. ಕಲ್ಲಕಟ್ಟ ಎಲ್ಲಿದೆ ಎಂದು ಕೇಳಿಕೊಂಡು ಬರುತ್ತಿದ್ದರು. ಹಾಗಾಗಿ ಕೆಸರಿನ ಮೇಲೆ ಬೇರೆ ಕಡೆಯ ಮರಳು ತಂದು ಸುರಿದು ಹೊಸ ದಿಬ್ಬ ಮಾಡಿದರು. ನಡುವೆ ಪ್ಲಾಸ್ಟಿಕ್ಕಿನ ಕೋಲು, ಅದಕ್ಕೆ ಹಸಿರು ಬಳೆಗಳ ಸಾಲು. 'ಬಳಚು ಬದುಕು: ಅನುಭವ ಕೇಂದ್ರ' ಎಂದು ಬೋರ್ಡು. ದಿಬ್ಬದ ಹೆಂಗಸರಿಗೇ ಕೆಲಸ. ದಿನವೂ ಇಳಿತಕ್ಕೆ ಬಂದು, ಪ್ರವಾಸಿಗಳ ಎದುರು ಬಳಚು ಹೆಕ್ಕಿ, ಬುಟ್ಟಿ ತುಂಬಿ, ತೆಪ್ಪದ ಮೇಲೆ ತೂಗಿ ತೋರಿಸಬೇಕು. ಪ್ರವಾಸಿಗಳು ಹೋದ ಮೇಲೆ ಅದೇ ಬಳಚನ್ನು ಮತ್ತೆ ಮರಳಲ್ಲಿ ಹುಗಿಯಬೇಕು.

ಪಟ್ಟಣಶೆಟ್ಟಿ ಸಾಹೇಬರಿಗೆ ಆಗಲೇ ವರ್ಗವಾಗಿತ್ತು. ಹೊರಡುವ ದಿನ ಅವರು ಆ ಆದೇಶವನ್ನು ನನಗೆ ಓದಿ ಹೇಳಿದರು. "ಇದ ಕೆಲಸ ಅಲ್ಲೇನ್ರೀ ಅವರು ಮೊದಲ ಮಾಡ್ತಿದ್ದದ್ದು? ಆಗ ಮೋಸ, ಈಗ ನೌಕರಿ," ಎಂದರು. ನಗಲು ನೋಡಿದರು, ಆಗಲಿಲ್ಲ.

ಅತ್ತೆ ಆ ಕೆಲಸಕ್ಕೆ ಹೋಗುವುದಿಲ್ಲ ಎಂದುಕೊಂಡಿದ್ದೆ. ಮೊದಲ ದಿನವೇ ಹೊರಟರು. ನನಗೆ ರೇಗಿತು. "ಮಾನ ಇಲ್ವ ಅತ್ತೆ ನಿಮ್ಗೆ?" ಎಂದುಬಿಟ್ಟೆ.

ಅವರು ಸಿಟ್ಟಾಗಲಿಲ್ಲ. "ಲಾರಿಲಿ ಬಳಚು ತಕ್ಕಂಡು ಬತ್ತರಂತೆ ಹೆಣ್ಣೆ, ಬೇರೆ ಊರಿಂದ. ದಿನಾ ನಾವೇ ಹುಗಿಯೂದು. ಅಷ್ಟರಲ್ಲಿ ಒಂದಾದ್ರೂ ಊರೂದಿಲ್ವ? ಒಂದು ಊರಿದ್ರೆ ಸಾಕು, ಮರಿ ಹಾಕ್ತದೆ."

ಆ ಲಾರಿಯ ಬಗ್ಗೆ ನಮ್ಮ ಕೊಠಡಿಗೆ ಬಂದ ಸೂಚನೆಯನ್ನು ನಾನು ಓದಿದ್ದೆ. ಹಸಿ ಬಳಚು ವಾಸನೆ ಬರುತ್ತದೆ, ಪ್ರವಾಸಿಗಳ ಆರೋಗ್ಯಕ್ಕೆ ಅಪಾಯ, ಆದ್ದರಿಂದ ಕುದಿಸಿ, ಮಾಂಸ ತೆಗೆದು, ಒಳಗೆ ಮರಳು ತುಂಬಿ, ಎರಡೂ ಚಿಪ್ಪನ್ನು ಅಂಟು ಹಾಕಿ ಕೂಡಿಸಿ ಕಳಿಸಲಾಗುವುದು. ತೂಕ ಸರಿಯಾಗಿರುತ್ತದೆ. ಎಷ್ಟು ಸಲ ಬೇಕಾದರೂ ಬಳಸಬಹುದು.

ಅದನ್ನು ಅತ್ತೆಗೆ ಹೇಳಬೇಕಾಗಿಯೇ ಬರಲಿಲ್ಲ. ಹುಟ್ಟಿದಾಗಿನಿಂದ ಬಳಚು ಮುಟ್ಟಿದ ಕೈ ಅದು, ಮೊದಲನೆಯದನ್ನು ಹಿಡಿದಾಗಲೇ ತಿಳಿದಿರಬೇಕು. ಸಂಜೆ ಮನೆಗೆ ಬಂದಾಗ ಅವರ ಸೊಂಟದ ಗಂಟಿನಲ್ಲಿ ಒಂದು ಬಳಚಿತ್ತು. ಒಳಗೆ ಹೋಗಿ, ಹಳೆಯ ಬೋಗುಣಿ ತೊಳೆದು, ಅಳಿವೆಯ ನೀರು ತುಂಬಿ, ಅದನ್ನು ಮೆಲ್ಲಗೆ ಇಳಿಸಿದರು. ಪಕ್ಕದಲ್ಲಿ ಕೂತರು. ಮಾಬ್ಲ ಬಂದು ನೋಡಿ, ನನ್ನ ಮುಖ ನೋಡಿ, ಹೊರಗೆ ಹೋದ.

"ದೂರದಿಂದ ಬಂದದ್ದು, ಹೆದರಿದ್ದದೆ," ಎಂದರು ಅತ್ತೆ. "ತಡ ಮಾಡಿ ಬಾಯಿ ಬಿಡ್ತದೆ."

"ಹೌದತ್ತೆ," ಎಂದೆ.

ಈಗ ಮತ್ತೆ ದೀಪಾವಳಿ ಬಂತು. ನನ್ನ ಪರದೆಯಲ್ಲಿ ನಲವತ್ತೊಂದು ಹಳದಿಯಾಗಿ ಹೊಳೆಯುತ್ತಿದೆ, ಅದರ ಕೆಳಗೆ 'ತೃಪ್ತಿಕರ' ಎಂದಿದೆ. ಹೆಂಗಸರು ಪಾಡ್ಯದ ದಿನ ರಜೆ ಕೇಳಿದರು, ಹಬ್ಬದ ದಿನವೇ ಜನ ಹೆಚ್ಚು ಎಂದು ಕೊಡಲಿಲ್ಲ. ಬಸುರಿ ತಿಂಗಳುಗಳಲ್ಲಿ ದಿಬ್ಬ ತುಳಿಯುವುದು ಈಗ ಅವರಿಗೆ ಸಂಬಳದ ಕೆಲಸ.

ಬೋಗುಣಿ ಅಡುಗೆಮನೆಯಲ್ಲೇ ಇದೆ. ಬೆಳಿಗ್ಗೆ ಅತ್ತೆ ಕೆಲಸಕ್ಕೆ ಹೊರಡುವಾಗ ಒಮ್ಮೆ ಅದರ ಮೇಲೆ ಬಗ್ಗಿ ನೋಡುತ್ತಾರೆ. "ನೀರು ಬದ್ಲು ಮಾಡು ಹೆಣ್ಣೆ, ಮರೀಬೇಡ," ಎನ್ನುತ್ತಾರೆ.

ನಾನು ಮರೆಯುವುದಿಲ್ಲ. ಅವರು ಹೋದ ಮೇಲೆ ಹಳೆಯ ನೀರು ಚೆಲ್ಲಿ, ಹೊಸ ಉಪ್ಪುನೀರು ತುಂಬಿಸುತ್ತೇನೆ. ಅಂಟು ಗಟ್ಟಿಯಾಗಿದೆ.